ಪೊವೇಲ್ಯಾ: ವೆನಿಸ್ ಲಗೂನಿನ ಪಾಳು ದ್ವೀಪ

ಇಟಲಿಯ ವೆನಿಸ್ ನಗರಕ್ಕೂ ಲಿಡೊಗೂ ನಡುವಿನ ಲಗೂನಿನಲ್ಲಿ ಸುಮಾರು 7 ಹೆಕ್ಟೇರ್ ವಿಸ್ತಾರದ ಪೊವೇಲ್ಯಾ ದ್ವೀಪವಿದೆ. ಈಗ ಅಲ್ಲಿ ನರಪಿಳ್ಳೆಯೂ ವಾಸವಿಲ್ಲ. ಆದರೆ ಮಧ್ಯಯುಗದಲ್ಲಿ ಅದು ಜನ ತುಂಬಿದ್ದ ಊರು. 1379ರಲ್ಲಿ, ಜಿನೋವಾ ವಿರುದ್ಧದ ಕಿಯೋಜಾ ಯುದ್ಧದ ವೇಳೆ, ನಿವಾಸಿಗಳನ್ನು ವೆನಿಸ್‌ನ ಜೂಡೆಕ್ಕಾಕ್ಕೆ ಸ್ಥಳಾಂತರಿಸಲಾಯಿತು. ದ್ವೀಪ ಬರಿದಾಯಿತು.

1793ರಲ್ಲಿ ಹಡಗುಗಳಲ್ಲಿ ಪ್ಲೇಗ್ ಕಾಣಿಸಿಕೊಂಡಾಗ ಸೋಂಕಿತರನ್ನು ಇಲ್ಲಿ ಪ್ರತ್ಯೇಕವಾಗಿಟ್ಟರು. ನೆಪೋಲಿಯನ್ ಆಳ್ವಿಕೆಯಲ್ಲಿ ಸಾನ್ ವಿಟಾಲೆ ಚರ್ಚು ನೆಲಸಮವಾಯಿತು. ಗಂಟೆಗೋಪುರವನ್ನು ಮಾತ್ರ ಉಳಿಸಿಕೊಂಡು ದೀಪಸ್ತಂಭ ಮಾಡಿಕೊಂಡರು. ಮರಗಳ ಗುಂಪಿನ ಮೇಲೆ ತಲೆಯೆತ್ತಿ ನಿಂತ ಆ ಗೋಪುರ ಇಂದಿಗೂ ದೋಣಿಯಲ್ಲಿ ಹೋಗುವವರ ಕಣ್ಣಿಗೆ ಬೀಳುತ್ತದೆ. 1922ರ ನಂತರ ಕಟ್ಟಡಗಳು ಆರೈಕೆ ಕೇಂದ್ರವಾದವು. 1968ರಲ್ಲಿ ಅದಕ್ಕೂ ಬೀಗ ಬಿತ್ತು.

ಆಮೇಲೆ ಬೆಳೆದದ್ದು ಪೊದೆ ಮತ್ತು ದೆವ್ವದ ಕಥೆಗಳು. ಟಿವಿ ವಾಹಿನಿಗಳಿಗೆ ಅವು ಸುಗ್ಗಿ, ಇತಿಹಾಸಕ್ಕೆ ಪ್ರಯೋಜನವಿಲ್ಲ.

2014ರಲ್ಲಿ ಸರ್ಕಾರ 99 ವರ್ಷಗಳ ಗುತ್ತಿಗೆಗೆ ಹರಾಜು ಕರೆಯಿತು. 5,13,000 ಯೂರೊ ಬಿಡ್ ಬಂದರೂ, ಮೊತ್ತ ಸಾಲದೆಂದು ತಿರಸ್ಕೃತವಾಯಿತು.

ಹಲವರು ಎಡವುವುದು ಇಲ್ಲಿ: 1423ರಲ್ಲಿ ವೆನಿಸ್ ಸ್ಥಾಪಿಸಿದ ಪ್ಲೇಗ್ ಆಸ್ಪತ್ರೆ ಇದ್ದದ್ದು ಲಾಜರೆಟ್ಟೊ ವೆಕ್ಯೊ ದ್ವೀಪದಲ್ಲಿ, ಪೊವೇಲ್ಯಾದಲ್ಲಲ್ಲ. ವೆನಿಸ್ ಮತ್ತು ಅದರ ಲಗೂನು 1987ರಲ್ಲಿ ಯುನೆಸ್ಕೊ ವಿಶ್ವ ಪರಂಪರೆ ಪಟ್ಟಿಗೆ ಸೇರಿವೆ.