ಬೀಗದ ಗುರುತು ಇದ್ದರೆ ಸಾಕೇ?

ಪ್ರಶ್ನೆ: ನನ್ನ ಮಗ ಹೊಸ ಸಿನಿಮಾಗಳನ್ನು ಯಾವುದೋ ಜಾಲತಾಣದಲ್ಲಿ ಪುಕ್ಕಟೆ ನೋಡುತ್ತಾನೆ. ‘ನೋಡುವುದಷ್ಟೇ, ಡೌನ್‌ಲೋಡ್ ಮಾಡುವುದಿಲ್ಲ. ಬೀಗದ ಗುರುತೂ ಇದೆ, ಭಯವಿಲ್ಲ’ ಎನ್ನುತ್ತಾನೆ. ನಿಜವೇ?
– ಓದುಗರೊಬ್ಬರು, ತಿಪಟೂರು

ಉತ್ತರ: ಕೇಳಿದ್ದು ಒಳ್ಳೆಯದಾಯಿತು. ಬೀಗ ಕಂಡರೆ ತಾಣವನ್ನು ನಂಬಬಹುದು ಎಂದುಕೊಂಡವರು ಬಹಳ ಮಂದಿ. ಹಾಗೆ ಅನ್ನಿಸುವುದು ಸಹಜವೇ. ಆದರೆ ನಿಮ್ಮ ಫೋನಿಗೂ ಆ ತಾಣಕ್ಕೂ ನಡುವೆ ಹೋಗಿಬರುವ ಮಾಹಿತಿಯನ್ನು ದಾರಿಯಲ್ಲಿ ಬೇರೆಯವರು ಓದಲಾರರು ಎಂಬುದಷ್ಟೇ ಬೀಗದ ಅರ್ಥ. ಆ ತುದಿಯಲ್ಲಿ ಕೂತವನು ಸಾಚಾನೋ ಮೋಸಗಾರನೋ ಎಂದು ಬೀಗ ಹೇಳುವುದಿಲ್ಲ. ಅದಕ್ಕೆ ಬೇಕಾದ ಪ್ರಮಾಣಪತ್ರ ಮೋಸಗಾರನಿಗೂ ಉಚಿತವಾಗಿ ಸಿಗುತ್ತದೆ.

ಇನ್ನು ‘ನೋಡುವುದಷ್ಟೇ’ ಎಂಬ ಮಾತು. ಟಿಕೆಟ್ಟಿಲ್ಲ, ಚಂದಾ ಇಲ್ಲ. ಹಾಗಾದರೆ ತಾಣದವರಿಗೆ ದುಡ್ಡು ಎಲ್ಲಿಂದ? ನಿಮ್ಮ ಮಗನ ಬೆರಳಿನಿಂದ. ‘ಪ್ಲೇ’ ಗುಂಡಿಯ ಮೇಲೆ ಕಣ್ಣಿಗೆ ಕಾಣದ ಜಾಹೀರಾತಿನ ಪದರ ಹಾಸಿರುತ್ತಾರೆ. ಒತ್ತಿದರೆ ಸಿನಿಮಾದ ಬದಲು ಬೇರೊಂದು ಪುಟ ತೆರೆಯುತ್ತದೆ. ಒಮ್ಮೆ ಬೆಟ್ಟಿಂಗ್, ಒಮ್ಮೆ ‘ಫೋನಿಗೆ ವೈರಸ್ ತಗುಲಿದೆ’ ಎಂಬ ಬೆದರಿಕೆ, ಮತ್ತೊಮ್ಮೆ ‘ಈ ಆಪ್ ಹಾಕಿಕೊಂಡರೆ ಸಿನಿಮಾ ಓಡುತ್ತದೆ’ ಎಂಬ ಆಮಿಷ. ನನಗೆ ಹೆಚ್ಚು ಆತಂಕ ಈ ಕೊನೆಯದರದ್ದು. ಅಂಥ ಆಪ್ ಎಸ್ಸೆಮ್ಮೆಸ್ ಓದಲು ಅನುಮತಿ ಕೇಳುತ್ತದೆ. ಸಿನಿಮಾ ನೋಡುವ ಆತುರದಲ್ಲಿ ‘ಅಲೋ’ ಒತ್ತಿಬಿಟ್ಟರೆ ಬ್ಯಾಂಕಿನ ಒಟಿಪಿ ನಿಮಗೆ ಬಂದಂತೆಯೇ ಅವರಿಗೂ ಹೋಗುತ್ತದೆ. ಒಂದು ಸುಲಭದ ಗುರುತು ಹೇಳುತ್ತೇನೆ: ಸಿನಿಮಾ ಕಡತದ ಹೆಸರು ಸಾಮಾನ್ಯವಾಗಿ ಎಂಪಿ4 ಅಥವಾ ಎಂಕೆವಿ ಎಂದು ಮುಗಿಯುತ್ತದೆ. ಎಪಿಕೆ ಎಂದು ಮುಗಿದರೆ ಅದು ಸಿನಿಮಾ ಅಲ್ಲ, ಆಪ್.

ನ್ಯಾಯಾಲಯದ ಆದೇಶದಿಂದ ಇಂಥ ತಾಣಗಳನ್ನು ಮುಚ್ಚಿಸಿದರೆ ಅದೇ ಹೆಸರು ಹೊಸ ವಿಳಾಸದಲ್ಲಿ ಮತ್ತೆ ಏಳುತ್ತದೆ. ಅದು ಹಳೆಯವರದ್ದೋ, ಹೆಸರು ಕದ್ದ ಇನ್ನೊಬ್ಬರದ್ದೋ ನೋಡುಗನಿಗೆ ತಿಳಿಯುವ ದಾರಿಯಿಲ್ಲ. ‘ನನಗೆ ಗೊತ್ತಿರುವ ತಾಣ’ ಎಂಬ ಧೈರ್ಯಕ್ಕೆ ಅಲ್ಲಿ ಬೆಲೆಯಿಲ್ಲ.

ಕಾನೂನಿನ ಮಾತೂ ಇದೆ. ಚಿತ್ರಮಂದಿರದಲ್ಲಿ ಕದ್ದು ಚಿತ್ರೀಕರಿಸಿದವರಿಗೆ ಸಿನಿಮಾಟೋಗ್ರಾಫ್ ಕಾಯ್ದೆಯ 2023ರ ತಿದ್ದುಪಡಿಯಂತೆ ಕನಿಷ್ಠ 3 ತಿಂಗಳು, ಗರಿಷ್ಠ 3 ವರ್ಷ ಸೆರೆ. ಮಗ ಅಂಥ ಪ್ರತಿಯನ್ನು ಗೆಳೆಯರ ಗುಂಪಿಗೆ ಹಾಕಿದರೆ ಬರೀ ನೋಡುಗನಾಗಿ ಉಳಿಯುವುದಿಲ್ಲ. 1957ರ ಕೃತಿಸ್ವಾಮ್ಯ ಕಾಯ್ದೆ ಅವನಿಗೂ ಅನ್ವಯಿಸುತ್ತದೆ.

ಇವತ್ತೇ ಅವನ ಜೊತೆ ಕೂತು ಫೋನಿನ ಆಪ್ ಪಟ್ಟಿ ನೋಡಿ, ಗುರುತಿಲ್ಲದ್ದನ್ನು ತೆಗೆಸಿ. ಖಾತೆಯಿಂದ ಹಣ ಹೋಗಿದ್ದರೆ ಮಗನನ್ನು ಬೈಯುತ್ತಾ ಹೊತ್ತು ಕಳೆಯಬೇಡಿ, ಮೊದಲು ಸೈಬರ್ ವಂಚನೆ ಸಹಾಯವಾಣಿ 1930ಕ್ಕೆ ಕರೆ ಮಾಡಿ.