ವರ್ಷಾಶನಕ್ಕೆ ಬೆಲೆ ಕಟ್ಟಿದ ರಾಜಕಾರಣಿ

ಕಾಲೇಜಿನಲ್ಲಿ ದೀರ್ಘವೃತ್ತ, ಪರವಲಯಗಳನ್ನು ಅಭ್ಯಾಸ ಮಾಡಿದ ವಿದ್ಯಾರ್ಥಿಯು ಮುಂದೆ ವಕೀಲನಾದನೆಂದರೆ, ಆ ವಕ್ರರೇಖೆಗಳಿಗೆ ಅಂದೇ ದೊಡ್ಡ ನಮಸ್ಕಾರ ಹಾಕಿಬಿಡುವುದನ್ನು ನಾವು ಕಂಡಿದ್ದೇವೆ. ಹದಿನೇಳನೆಯ ಶತಮಾನದ ಹಾಲೆಂಡಿನಲ್ಲಿದ್ದ ಯೋಹಾನ್ ಡಿ ವಿಟ್ ಎಂಬ ನ್ಯಾಯವಾದಿಯು ಹಾಗೆ ಮಾಡಲಿಲ್ಲ. ರಾಜ್ಯಭಾರವನ್ನು ಹೊತ್ತ ಮೇಲೂ ಅವನು ಗಣಿತವನ್ನು ಕೈಬಿಡಲಿಲ್ಲ.

ಡಿ ವಿಟ್‌ನು 1625ರಲ್ಲಿ ಡೋರ್ಡ್ರೆಖ್ಟ್ ಪಟ್ಟಣದಲ್ಲಿ ಜನಿಸಿದನು. ಲೈಡನ್ ವಿಶ್ವವಿದ್ಯಾಲಯದಲ್ಲಿ ನ್ಯಾಯಶಾಸ್ತ್ರವನ್ನು ಓದಿ, 1645ರಲ್ಲಿ ಫ್ರಾನ್ಸಿನ ಆಂಜೆಯಲ್ಲಿ ಡಾಕ್ಟರ್ ಪದವಿಯನ್ನು ಪಡೆದು, ಹೇಗ್ ನಗರದಲ್ಲಿ ವಕೀಲಿವೃತ್ತಿಯನ್ನು ಕೈಕೊಂಡನು. ಡೇಕಾರ್ಟನ ರೇಖಾಗಣಿತವನ್ನು ಲ್ಯಾಟಿನ್ ಭಾಷೆಗೆ ತಂದ ಫಾನ್ ಸ್ಖೋಟೆನ್ ಎಂಬ ಗಣಿತಜ್ಞನ ಸಹವಾಸವು ಅವನಿಗೆ ದೊರೆತಿತ್ತು. ಶಂಕುಚ್ಛೇದಗಳನ್ನು ಕುರಿತು ಡಿ ವಿಟ್‌ನು ರಚಿಸಿದ ಗ್ರಂಥವು ಆ ಅನುವಾದದ ಎರಡನೆಯ ಆವೃತ್ತಿಯೊಡನೆ (1659–61) ಅಚ್ಚಾಯಿತು.

ಆಗಿನ ನೆದರ್‌ಲೆಂಡ್ಸ್ ಏಳು ಪ್ರಾಂತಗಳ ಗಣರಾಜ್ಯ. ಆರೆಂಜ್ ಮನೆತನದ ಎರಡನೆಯ ವಿಲಿಯಂ 1650ರಲ್ಲಿ ತೀರಿಕೊಂಡ ಮೇಲೆ, ಹಾಲೆಂಡ್ ಪ್ರಾಂತವು ಅವನ ಅಧಿಕಾರಸ್ಥಾನವನ್ನು ತೆರವಾಗಿಯೇ ಇಟ್ಟಿತ್ತು. 1653ರಲ್ಲಿ, ಇನ್ನೂ 28 ತುಂಬದ ಡಿ ವಿಟ್‌ನು ಆ ಪ್ರಾಂತದ ‘ಗ್ರ್ಯಾಂಡ್ ಪೆನ್ಷನರಿ’ಯಾದನು. ಹೆಸರಿಗೆ ಇದು ಪ್ರಾಂತಸಭೆಯ ಕಾನೂನು ಸಲಹೆಗಾರನ ಹುದ್ದೆ. ವಾಸ್ತವವಾಗಿ ಸುಮಾರು 19 ವರ್ಷ ಗಣರಾಜ್ಯದ ಸೂತ್ರವು ಅವನ ಕೈಯಲ್ಲಿಯೇ ಇತ್ತು. ಅವನ ಕಾಲದಲ್ಲಿ ಇಂಗ್ಲೆಂಡಿನೊಡನೆ ಎರಡು ಬಾರಿ ಸಂಧಿಯಾಯಿತು.

ಯುದ್ಧಗಳಿಗೆ ಹಣ ಬೇಕು. ಸರಕಾರವು ಅದನ್ನು ವರ್ಷಾಶನಗಳನ್ನು ಮಾರಿ ಪಡೆಯುತ್ತಿತ್ತು. ಅಸಲು ಹಿಂದಿರುಗುವವರೆಗೆ ವರ್ಷಕ್ಕೆ 100 ಗಿಲ್ಡರ್ ಬೇಕೆಂದವನು 2500 ಗಿಲ್ಡರ್ ಕೊಡಬೇಕು. ಇದು ನೂರಕ್ಕೆ 4ರ ಬಡ್ಡಿ. ಯಾರಾದರೊಬ್ಬರ ಹೆಸರನ್ನು ಸೂಚಿಸಿ, ಅವರು ಬದುಕಿರುವವರೆಗೆ ಮಾತ್ರ ಅಷ್ಟೇ ಹಣವನ್ನು ಪಡೆಯುವುದಾದರೆ 1400 ಗಿಲ್ಡರ್ ಸಾಕು. ಹೆಸರಿಸಿದವರ ವಯಸ್ಸೆಷ್ಟೆಂದು ಕೇಳುವವರಿಲ್ಲ! ಲೆಕ್ಕ ಬಲ್ಲ ವರ್ತಕರು ಮುದುಕರನ್ನು ಬಿಟ್ಟು ಆರೋಗ್ಯವಂತ ಮಕ್ಕಳನ್ನು ಹೆಸರಿಸಿದರೆ ಆಶ್ಚರ್ಯವೇನು? ಬೊಕ್ಕಸಕ್ಕೆ ಇದರಿಂದಾಗುವ ನಷ್ಟವೆಷ್ಟು? 1671ರಲ್ಲಿ ಡಿ ವಿಟ್‌ನು ಪ್ರಾಂತಸಭೆಯ ಮುಂದಿಟ್ಟ ವರದಿಯು ಈ ಪ್ರಶ್ನೆಗೆ ಉತ್ತರ.

ಅವನ ವಿಧಾನವನ್ನು ಒಂದು ಸಣ್ಣ ಲೆಕ್ಕದಿಂದ ತಿಳಿಯೋಣ. ಬಡ್ಡಿ ನೂರಕ್ಕೆ 4 ಆದರೆ, ಒಂದು ವರ್ಷದ ಮೇಲೆ ಬರುವ 100 ಗಿಲ್ಡರುಗಳ ಇಂದಿನ ಬೆಲೆ 96.15, ಎರಡು ವರ್ಷದ ಮೇಲೆ ಬರುವುದರ ಬೆಲೆ 92.46; ಮೂರು ವರ್ಷದ ಮೇಲಿನದು 88.90. ಒಬ್ಬನಿಗೆ ಒಂದೇ ಕಂತು, ಎರಡು ಕಂತು, ಮೂರು ಕಂತು ದೊರೆಯುವ ಸಂಭವಗಳು ಸಮನಾಗಿವೆಯೆನ್ನೋಣ. ಕಂತುಗಳ ಒಟ್ಟು ಬೆಲೆ ಕ್ರಮವಾಗಿ 96.15, 188.61, 277.51. ಇವುಗಳ ಸರಾಸರಿಯಾದ 187.42 ಗಿಲ್ಡರುಗಳೇ ಆ ವರ್ಷಾಶನದ ನ್ಯಾಯವಾದ ಬೆಲೆ. ಸರಾಸರಿ ಎರಡು ಕಂತೆಂದು ಭಾವಿಸಿ 188.61 ಕೊಟ್ಟರೆ ಹೆಚ್ಚು ಕೊಟ್ಟಂತೆಯೇ. ಈ ಸೂಕ್ಷ್ಮದಲ್ಲಿ ಇಂದಿಗೂ ಎಡವುವವರುಂಟು.

ಡಿ ವಿಟ್‌ನು ಇದನ್ನೇ ಅರ್ಧ ವರ್ಷಕ್ಕೊಂದರಂತೆ 77 ವರ್ಷಗಳವರೆಗೆ ಬೆಳೆಸಿದನು. ಮೊದಲ 50 ವರ್ಷಗಳ ಪ್ರತಿ ಅರ್ಧ ವರ್ಷದ ಮರಣಸಂಭವಕ್ಕೆ 1, ಮುಂದಿನ 10 ವರ್ಷಗಳದಕ್ಕೆ 2/3, ಆ ಮೇಲಿನ 10 ವರ್ಷಗಳದಕ್ಕೆ 1/2, ಕೊನೆಯ 7 ವರ್ಷಗಳದಕ್ಕೆ 1/3 ಎಂಬ ತೂಕವನ್ನಿಟ್ಟನು. ಇವುಗಳ ಮೊತ್ತ 128. ಓದುಗರು ತಾವೇ ಕೂಡಿ ನೋಡಬಹುದು. ಪ್ರತಿಯೊಂದು ಅವಧಿಯ ಕಂತುಗಳ ಬೆಲೆಯನ್ನು ಅದರ ತೂಕದಿಂದ ಗುಣಿಸಿ, ಎಲ್ಲವನ್ನೂ ಕೂಡಿ, 128ರಿಂದ ಭಾಗಿಸಿದಾಗ ದೊರೆತ ಬೆಲೆ ಸುಮಾರು 1600 ಗಿಲ್ಡರ್. ಎಂದರೆ, ಎಳೆಯ ವಯಸ್ಸಿನವರ ಹೆಸರಿನಲ್ಲಿ ಮಾರಿದ ಒಂದೊಂದು ವರ್ಷಾಶನದಲ್ಲಿಯೂ ಸರಕಾರವು 200 ಗಿಲ್ಡರುಗಳನ್ನು ಬಿಟ್ಟುಕೊಡುತ್ತಿತ್ತು. ಆಮ್‌ಸ್ಟರ್‌ಡಾಮಿನ ಗಣಿತಜ್ಞ ಯೋಹಾನೆಸ್ ಹುಡ್ಡೆಯು ವಿಧಾನವನ್ನು ಪರಿಶೀಲಿಸಿ ಒಪ್ಪಿದನು. ಆ ತೂಕಗಳು ಒರಟು ಊಹೆಗಳೆಂಬುದು ನಿಜ. ಆದರೂ ಮರಣಸಂಭವವನ್ನು ವರ್ಷಾಶನದ ಬೆಲೆಗೆ ಜೋಡಿಸಿದ ಮೊದಲ ಲೆಕ್ಕಗಳಲ್ಲಿ ಇದೊಂದು. ಬ್ರೆಸ್ಲೌ ನಗರದ ಮರಣಗಳನ್ನು ಆಧರಿಸಿದ ಹ್ಯಾಲಿಯ ಕೋಷ್ಟಕವು ಬಂದದ್ದು 1693ರಲ್ಲಿ.

ಮರುವರ್ಷವೇ ಅನಾಹುತವಾಯಿತು. 1672ರಲ್ಲಿ ಫ್ರಾನ್ಸ್, ಇಂಗ್ಲೆಂಡುಗಳು ಒಟ್ಟಿಗೆ ಗಣರಾಜ್ಯದ ಮೇಲೆ ಬಿದ್ದವು. ನೌಕಾಪಡೆಗೆ ಹೋಲಿಸಿದರೆ ಭೂಸೇನೆಯು ದುರ್ಬಲವಾಗಿತ್ತು. ಜನರ ಕೋಪವು ಡಿ ವಿಟ್‌ನ ಮೇಲೆ ತಿರುಗಿತು. ಜೂನಿನಲ್ಲಿ ಅವನ ಮೇಲೆ ಚೂರಿಯಿಂದ ಹಲ್ಲೆಯಾಯಿತು. ಆಗಸ್ಟಿನಲ್ಲಿ ಅವನು ಹುದ್ದೆಯನ್ನು ಬಿಟ್ಟನು. ಮೂರನೆಯ ವಿಲಿಯಮನ ಕೊಲೆಗೆ ಸಂಚು ಹೂಡಿದನೆಂಬ ಆರೋಪದಿಂದ ಸೆರೆಯಾಗಿದ್ದ ಅಣ್ಣ ಕೊರ್ನೆಲಿಸನನ್ನು ಕಾಣಲು, ಆಗಸ್ಟ್ 20ರಂದು, ಅವನು ಹೇಗ್ ನಗರದ ಸೆರೆಮನೆಗೆ ಹೋದನು. ಹೊರಗೆ ನೆರೆದ ಗುಂಪು ಇಬ್ಬರನ್ನೂ ಎಳೆದು ಕೊಂದಿತು.

ಸಂಭಾವ್ಯತೆಯನ್ನು ಕುರಿತು ಮಹಾಗ್ರಂಥವನ್ನು ಬರೆಯುತ್ತಿದ್ದ ಸ್ವಿಟ್ಸರ್ಲೆಂಡಿನ ಯಾಕೋಬ್ ಬರ್ನೂಲಿಯು, ವರ್ಷಾಶನದ ವರದಿಯ ಒಂದು ಪ್ರತಿಯನ್ನು ಕಳುಹಿಸಬೇಕೆಂದು ಲೈಬ್ನಿಟ್ಸನನ್ನು ಮತ್ತೆ ಮತ್ತೆ ಬೇಡಿದನು. 1705ರಲ್ಲಿ ಅವನು ಸಾಯುವವರೆಗೂ ಅದು ಅವನ ಕೈಗೆ ಬರಲಿಲ್ಲ.