ಕೂಪನ್ನಿನ ಅರ್ಧ ಚೀಟಿ ಜೋಪಾನ

ದಸರಾ, ದೀಪಾವಳಿ ಬಂತೆಂದರೆ ಸೀರೆ ಅಂಗಡಿ, ಚಿನ್ನದಂಗಡಿಗಳ ಮುಂದೆ ರಿಬ್ಬನ್ ಕಟ್ಟಿದ ಕಾರೊಂದು ನಿಂತಿರುತ್ತದೆ. ಕೂಪನ್ ತುಂಬಿ ಡಬ್ಬಿಗೆ ಹಾಕುತ್ತೀರಿ. ಕೈಯಲ್ಲುಳಿದ ಅರ್ಧ ಚೀಟಿ ಪರ್ಸಿನ ಮೂಲೆ ಸೇರುತ್ತದೆ. ಬಹುಮಾನ ಬಂದಾಗ ತಕರಾರು ಶುರುವಾಗುವುದು ಆ ಚೀಟಿಯಿಂದಲೇ. ಅದರ ಎರಡೂ ಬದಿಯ ಫೋಟೊ ತೆಗೆದಿಡಿ, ಬಿಲ್ಲಿನದ್ದೂ. ಈಗಿನ ಬಿಲ್ಲುಗಳ ಅಕ್ಷರ ಕೆಲವೇ ತಿಂಗಳಲ್ಲಿ ಮಾಸಿಹೋಗುತ್ತದೆ. ಬಹುಮಾನ ಕೇಳಲು ಕೊನೆಯ ದಿನಾಂಕ ಹಿಂಬದಿಯ ಸಣ್ಣಕ್ಷರದಲ್ಲಿ ಅಡಗಿರಬಹುದು. ಅದನ್ನು ಓದದೆ ವಾದಕ್ಕಿಳಿಯಬೇಡಿ.

ತೆರಿಗೆಯ ವಿಷಯ ಸ್ವಲ್ಪ ಗೋಜಲು. 10,000 ರೂಪಾಯಿ ಮೀರಿದ ಬಹುಮಾನಕ್ಕೆ ಶೇ 30ರಷ್ಟು ಆದಾಯ ತೆರಿಗೆ ಮುರಿದುಕೊಳ್ಳಬೇಕು. ಕಾರನ್ನು ಮುರಿಯಲಾಗದಲ್ಲ! ಹಾಗಾಗಿ ತೆರಿಗೆ ಕಟ್ಟಿದ ಮೇಲೆಯೇ ಕೀಲಿಕೈ. ಅಂಗಡಿಯವರು ಅದಕ್ಕೆ ದುಡ್ಡು ಕೇಳಿದರೆ ಮೋಸವೇ ಆಗಬೇಕಿಲ್ಲ. ನಿಮ್ಮ ಪ್ಯಾನ್ ಹೆಸರಲ್ಲಿ ತೆರಿಗೆ ಜಮೆಯಾದ ಪ್ರಮಾಣಪತ್ರ ಕೇಳಿ ಪಡೆಯಿರಿ. ಆದರೆ ನೀವು ಕೂಪನ್ನೇ ಹಾಕದ ಸ್ಪರ್ಧೆಯಲ್ಲಿ ಗೆದ್ದಿದ್ದೀರೆಂದು ಫೋನ್ ಮಾಡಿ, ಯಾರದೋ ಯುಪಿಐಗೆ ಹಣ ಹಾಕಿ ಎಂದರೆ ಫೋನ್ ಇಟ್ಟುಬಿಡಿ.

ಕೊಡುವ ಮನಸ್ಸಿಲ್ಲದೆ ಬಹುಮಾನ ಸಾರುವುದು, ಫಲಿತಾಂಶ ಮುಚ್ಚಿಡುವುದು ಎರಡೂ 2019ರ ಗ್ರಾಹಕ ಸಂರಕ್ಷಣಾ ಕಾಯ್ದೆಯಡಿ ಅನುಚಿತ ವ್ಯಾಪಾರ ಪದ್ಧತಿ. ಮೊದಲು ಬರಹದಲ್ಲಿ ಕೇಳಿ, ಗ್ರಾಹಕ ಸಹಾಯವಾಣಿ 1915ಕ್ಕೆ ಕರೆ ಮಾಡಿ. ಬಗ್ಗದಿದ್ದರೆ ಎರಡು ವರ್ಷದೊಳಗೆ ನಿಮ್ಮದೇ ಜಿಲ್ಲೆಯ ಗ್ರಾಹಕ ಆಯೋಗಕ್ಕೆ ದೂರು ಕೊಡಿ. ಕಂಪನಿ ಮುಂಬೈಯದಾದರೂ ಸರಿ. ಖರೀದಿಗೆ ಕೊಟ್ಟ ಹಣ 5 ಲಕ್ಷದೊಳಗಿದ್ದರೆ ಶುಲ್ಕವಿಲ್ಲ, ವಕೀಲರೂ ಕಡ್ಡಾಯವಲ್ಲ.